ಮುಖಕ್ಕೆ ಬಣ್ಣವೋ, ಗೋಡೆಗೆ ಬಣ್ಣವೋ?

ಪ್ರಶ್ನೆ: ಸರ್, ನನಗೆ 25 ವರ್ಷ. ಮಧುಗಿರಿ ತಾಲ್ಲೂಕಿನ ಒಂದು ಹಳ್ಳಿಯವನು. ಸಿವಿಲ್ ಡಿಪ್ಲೊಮಾ ಮುಗಿಸಿ ತುಮಕೂರಿನಲ್ಲಿ ಕಂಟ್ರಾಕ್ಟರೊಬ್ಬರ ಹತ್ತಿರ ಮೂರು ವರ್ಷ ಪ್ಲಾನು, ಎಸ್ಟಿಮೇಟು ಮಾಡಿಕೊಂಡಿದ್ದೆ. ನಮ್ಮ ತಂದೆಯದು ಮರಗೆಲಸ. ಹದಿನೇಳನೇ ವಯಸ್ಸಿನಿಂದ ನಮ್ಮೂರ ಕುರುಕ್ಷೇತ್ರ ನಾಟಕದಲ್ಲಿ ಅಭಿಮನ್ಯು ಪಾತ್ರ ನನ್ನದೇ. ಹೋದ ವರ್ಷ ಬೆಂಗಳೂರಿನಲ್ಲಿ ಒಂದು ಸಿನಿಮಾದ ಆರ್ಟ್ ಡಿಪಾರ್ಟ್‌ಮೆಂಟಿನಲ್ಲಿ 40 ದಿನ ಅಸಿಸ್ಟೆಂಟ್ ಆಗಿದ್ದೆ. ಅದೇ ಸಿನಿಮಾದಲ್ಲಿ ಟೀ ಅಂಗಡಿಯವನ ಸಣ್ಣ ಪಾತ್ರವನ್ನೂ ಕೊಟ್ಟರು. ಶಾಟ್‌ಗೆ ನಿಂತಿದ್ದಾಗ ಕಲಾ ನಿರ್ದೇಶಕರು ಎಲ್ಲರೆದುರು, "ಸುತ್ತಿಗೆ ಹಿಡೀತೀಯೋ, ಮೇಕಪ್ ಹಾಕ್ಕೊಳ್ತೀಯೋ, ಒಂದು ತೀರ್ಮಾನಕ್ಕೆ ಬಾ" ಅಂದುಬಿಟ್ಟರು. ಈಗ ಅವರೇ ಇನ್ನೊಂದು ಸಿನಿಮಾಕ್ಕೆ 60 ದಿನ ಕರೆದಿದ್ದಾರೆ. ಅದೇ ಹೊತ್ತಿಗೆ ಒಂದು ಧಾರಾವಾಹಿಯಲ್ಲಿ ತಿಂಗಳಿಗೆ ಮೂರು ನಾಲ್ಕು ದಿನದ ಪಾತ್ರ ಬಂದಿದೆ. ಮತ್ತೊಬ್ಬರು, ಒಂದು ಲಕ್ಷ ಹಾಕಿದರೆ ಎರಡನೇ ನಾಯಕನ ಪಾತ್ರ ಕೊಡಿಸುತ್ತೇನೆ ಅನ್ನುತ್ತಿದ್ದಾರೆ. ಒಮ್ಮೆ ಕ್ಯಾಮೆರಾ ಹಿಂದೆ ಹೋದವನನ್ನು ಯಾರೂ ಮುಂದೆ ಕರೆಯುವುದಿಲ್ಲವಂತೆ, ನಿಜವಾ? ಎರಡನ್ನೂ ಇಟ್ಟುಕೊಂಡು ಬದುಕಬಹುದಾ, ಒಂದನ್ನು ಬಿಡಲೇಬೇಕಾ? ಅಪ್ಪ ಮರಗೆಲಸದವರು ಅಂತ ಬೆಂಗಳೂರಿನ ಗೆಳೆಯರಿಗೆ ಇನ್ನೂ ಹೇಳಿಲ್ಲ. ಅದೊಂದು ಬೇರೆ ಸಂಕಟ.

ಉತ್ತರ:

ನಿಮ್ಮ ಕಾಗದ ಓದುತ್ತಿದ್ದಂತೆ ನನ್ನ ಹಳೆಯ ದಿನಗಳೇ ಕಣ್ಣ ಮುಂದೆ ಬಂದವು. ನಾನು ಚಿಂತಾಮಣಿ ಕಡೆಯವನು. ನಟನಾಗಬೇಕೆಂದು ಬೆಂಗಳೂರಿಗೆ ಬಂದು ಕಲಾ ವಿಭಾಗದಲ್ಲಿ ಇಪ್ಪತ್ತೆರಡು ವರ್ಷ ಕಳೆದಿದ್ದೇನೆ. ನಡುವೆ ಆಗಾಗ ಮುಖಕ್ಕೂ ಬಣ್ಣ ಹಚ್ಚಿದ್ದೇನೆ. ಹಾಗಾಗಿ ಇದನ್ನು ಎರಡೂ ಕಡೆ ನಿಂತು ನೋಡಿದವನ ಮಾತು ಅಂದುಕೊಳ್ಳಿ.

ನೀವು ಎರಡು ಪ್ರಶ್ನೆಗಳನ್ನು ಒಂದಕ್ಕೊಂದು ಗಂಟು ಹಾಕಿದ್ದೀರಿ. ಒಬ್ಬ ಮನುಷ್ಯ ನಟನೂ ಕಲಾ ನಿರ್ದೇಶಕನೂ ಆಗಬಹುದೇ ಅನ್ನುವುದು ಒಂದು. ಒಂದೇ ಸಿನಿಮಾದಲ್ಲಿ, ಒಂದೇ ದಿನ ಎರಡೂ ಆಗಬಹುದೇ ಅನ್ನುವುದು ಇನ್ನೊಂದು. ಮೊದಲನೆಯದಕ್ಕೆ ಧಾರಾಳವಾಗಿ ಹೌದು ಅನ್ನುತ್ತೇನೆ. ಎರಡನೆಯದಕ್ಕೆ, ನೀವಿರುವ ಹಂತದಲ್ಲಿ, ಖಂಡಿತ ಬೇಡ. ನಿಮ್ಮ ಕಲಾ ನಿರ್ದೇಶಕರು ಸಿಟ್ಟಾದದ್ದು ಎರಡನೆಯದರ ಮೇಲೆ. ನೀವು ಅದನ್ನು ಮೊದಲನೆಯದಕ್ಕೆ ಹೇಳಿದ ಮಾತೆಂದು ಮನಸ್ಸಿಗೆ ಹಚ್ಚಿಕೊಂಡಿದ್ದೀರಿ. ಎಲ್ಲರೆದುರು ಬೈದದ್ದು ತಪ್ಪೇ. ಆದರೆ ಅದೇ ಮನುಷ್ಯ ಮತ್ತೆ 60 ದಿನಕ್ಕೆ ಕರೆದಿದ್ದಾರೆ ನೋಡಿ. ಕೆಲಸ ಹಿಡಿಸದವನನ್ನು ಈ ರಂಗದಲ್ಲಿ ಯಾರೂ ಎರಡನೇ ಸಲ ಕರೆಯುವುದಿಲ್ಲ.

"ಹಿಂದೆ ಹೋದವನನ್ನು ಮುಂದೆ ಕರೆಯುವುದಿಲ್ಲ" ಅನ್ನುವುದು ಬರೀ ಮಾತು. ಕನ್ನಡದಲ್ಲೇ ಅರುಣ್ ಸಾಗರ್ ಇದ್ದಾರೆ, ನಟರೂ ಹೌದು, ಕಲಾ ನಿರ್ದೇಶಕರೂ ಹೌದು. ದೊಡ್ಡ ದೊಡ್ಡ ಸೆಟ್‌ಗಳ ಸಾಬು ಸಿರಿಲ್ 2010ರ ತಮಿಳು ಚಿತ್ರ 'ಎಂದಿರನ್'ನಲ್ಲಿ ಒಂದು ಪಾತ್ರವನ್ನೂ ಮಾಡಿದರು. ಮೈಸೂರಿನ ಎಂ.ಎಸ್. ಸತ್ಯು ರಂಗವಿನ್ಯಾಸದಿಂದ ಬಂದವರು. 'ಹಕೀಕತ್' ಚಿತ್ರದ ಕಲಾ ನಿರ್ದೇಶನಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿ ಪಡೆದು, ಆಮೇಲೆ ನಿರ್ದೇಶಕರಾಗಿ 'ಗರ್ಮ್ ಹವಾ', ಕನ್ನಡದಲ್ಲಿ 'ಬರ' ಮಾಡಿದರು. ಚಿತ್ರದ ಇಡೀ ನೋಟವನ್ನು ರೂಪಿಸುವವನಿಗೆ ಪ್ರೊಡಕ್ಷನ್ ಡಿಸೈನರ್ ಅನ್ನುವ ಹೆಸರೇ 1939ರ 'ಗಾನ್ ವಿತ್ ದ ವಿಂಡ್'ಗಾಗಿ ವಿಲಿಯಂ ಕ್ಯಾಮೆರಾನ್ ಮೆಂಜೀಸ್ ಮಾಡಿದ ಕೆಲಸಕ್ಕೆಂದು ಹುಟ್ಟಿದ್ದು. ಅವರೂ ನಿರ್ದೇಶನ ಮಾಡಿದವರೇ.

ಅಷ್ಟು ದೂರ ಯಾಕೆ, ನಿಮ್ಮ ಜಿಲ್ಲೆಯ ಗುಬ್ಬಿಯನ್ನೇ ನೋಡಿ. 1884ರಲ್ಲಿ ಶುರುವಾದ ಚನ್ನಬಸವೇಶ್ವರ ನಾಟಕ ಸಂಘಕ್ಕೆ ವೀರಣ್ಣನವರು ಪುಟ್ಟ ಹುಡುಗನಾಗಿ ಸೇರಿದರು. ನಟರಾದರು, ಕಂಪನಿ ಮಾಲೀಕರಾದರು, ಸಿನಿಮಾ ನಿರ್ಮಿಸಿದರು. ಕುರುಕ್ಷೇತ್ರಕ್ಕೆ ರಂಗದ ಮೇಲೆ ನಿಜವಾದ ಆನೆ ಕುದುರೆ ತಂದರು. ಕಣ್ಣಿಗೆ ಏನು ಕಾಣಬೇಕು ಅನ್ನುವುದನ್ನು ನಟನೇ ಯೋಚಿಸಿದಾಗ ಏನಾಗುತ್ತದೆ ಅನ್ನುವುದಕ್ಕೆ ಇದಕ್ಕಿಂತ ಉದಾಹರಣೆ ಬೇಕೇ? ಅದೇ ಕಂಪನಿಗೆ ಹುಡುಗನಾಗಿ ಬಂದ ಬಿ.ವಿ. ಕಾರಂತರು ನಟನೆ, ಸಂಗೀತ, ನಿರ್ದೇಶನ ಮೂರನ್ನೂ ಹೊತ್ತು ಬೆಳೆದರು. "ಒಂದನ್ನು ಆರಿಸಿಕೋ" ಅನ್ನುವ ಮಾತು ನಮ್ಮ ಕಡೆಯ ರಂಗಭೂಮಿಯದಲ್ಲ.

ಹಾಗಾದರೆ ಸಿನಿಮಾದಲ್ಲಿ ಅದು ಯಾಕೆ ಕಷ್ಟ? ಕಾರಣ ಪ್ರತಿಭೆಯಲ್ಲ, ಗಡಿಯಾರ. ಆರ್ಟ್‌ನವರು ಎಲ್ಲರಿಗಿಂತ ಮೊದಲು ಬರಬೇಕು, ಎಲ್ಲರಿಗಿಂತ ಕೊನೆಗೆ ಹೋಗಬೇಕು. ಆರು ಗಂಟೆಯ ಕಾಲ್‌ಶೀಟ್ ಅಂದರೆ ನಮ್ಮ ಹುಡುಗರು ನಾಲ್ಕೂವರೆಗೆ ಅಲ್ಲಿರುತ್ತಾರೆ. ಎಷ್ಟೋ ಸಲ ರಾತ್ರಿಯೆಲ್ಲ ಅಲ್ಲೇ ಇದ್ದಿರುತ್ತಾರೆ. ನಟನಿಗೆ ಬೇಕಾದದ್ದು ಇದರ ತಿರುಗುಮುರುಗು: ನಿದ್ದೆ ಆದ ಕಣ್ಣು, ಒಡೆಯದ ದನಿ, ಖಾಲಿ ತಲೆ. ಶಾಟ್ ನಡೆಯುವಾಗ ಆರ್ಟ್‌ನವನ ಕಣ್ಣು ಫ್ರೇಮಿನ ಮೂಲೆಯಲ್ಲಿ ಬಾಗಿದ ಕ್ಯಾಲೆಂಡರ್ ಮೇಲಿರುತ್ತದೆ, ಹಿಂದಿನ ಶಾಟ್‌ನಲ್ಲಿ ಲೋಟದಲ್ಲಿ ಕಾಫಿ ಎಷ್ಟಿತ್ತು ಅನ್ನುವುದರ ಮೇಲಿರುತ್ತದೆ. ನಟನ ಕಣ್ಣು ಎದುರಿಗಿರುವವನ ಕಣ್ಣಲ್ಲಿರಬೇಕು.

ನಾನು ಈ ಪಾಠ ಕಲಿತದ್ದು ಒಂದು ಬಾಗಿಲಿನಿಂದ. ನಾನೇ ಕಲಾ ನಿರ್ದೇಶಕ, ನನ್ನದೇ ಒಂದು ಅಮಲ್ದಾರನ ಪಾತ್ರ. ನಾಯಕಿ ಬಾಗಿಲ ಮರೆಯಲ್ಲಿ ಅವಿತು ನಿಂತು ಒಳಗಿನ ಮಾತು ಕೇಳಿಸಿಕೊಳ್ಳುವ ದೃಶ್ಯ. ಬಾಗಿಲು ಒಳಕ್ಕೆ ತೆರೆದುಕೊಂಡರೆ ಮಾತ್ರ ಆ ಮರೆ ಹುಟ್ಟುತ್ತದೆ. ಕೀಲು ಯಾವ ಕಡೆ ಅನ್ನುವುದನ್ನು ಬಡಗಿಗಳಿಗೆ ನಾನು ಬೆಳಗ್ಗೆ ಬಾಯಲ್ಲಿ ಹೇಳಬೇಕಿತ್ತು. ಆದರೆ ನಾನು ಮೇಕಪ್ ರೂಮಿನಲ್ಲಿ ಮೀಸೆ ಅಂಟಿಸಿಕೊಂಡು, ಅಂಟು ಒಣಗಲಿ ಎಂದು ತುಟಿ ಅಲ್ಲಾಡಿಸದೆ ಕೂತಿದ್ದೆ. ಅವರು ಹೊರಕ್ಕೆ ತೆರೆಯುವಂತೆ ಕೀಲು ಹೊಡೆದರು. ಚೌಕಟ್ಟು ಬಿಚ್ಚಿ, ತಿರುಗಿಸಿ, ಗೋಡೆಯ ಬಿರುಕಿಗೆ ಪುಟ್ಟಿ ತುಂಬಿ ಬಣ್ಣ ಒಣಗುವಷ್ಟರಲ್ಲಿ ಅರ್ಧ ದಿನ ಹೋಯಿತು. ಎಪ್ಪತ್ತು ಜನ ಸುಮ್ಮನೆ ಕೂತರು. ಆ ಸಿಟ್ಟು ತಲೆಯಲ್ಲಿಟ್ಟುಕೊಂಡೇ ಮಧ್ಯಾಹ್ನ ನಟಿಸಿದೆ, ಅದೂ ಕೆಟ್ಟಿತು. ಅಂದಿನಿಂದ ಒಂದೇ ಚಿತ್ರದಲ್ಲಿ ಎರಡು ಕೆಲಸ ಒಪ್ಪಿಲ್ಲ.

ಇನ್ನೊಂದು ನಂಬಿಕೆಯನ್ನೂ ಈಗಲೇ ಬಿಟ್ಟುಬಿಡಿ. ಸೆಟ್‌ನಲ್ಲೇ ಓಡಾಡಿಕೊಂಡಿದ್ದರೆ ಯಾರಾದರೂ ನೋಡಿ ಪಾತ್ರ ಕೊಡುತ್ತಾರೆ ಅನ್ನುವುದು. ನಿಮಗೆ ಟೀ ಅಂಗಡಿಯವನ ಪಾತ್ರ ಬಂದದ್ದು, ಬಹುಶಃ ಆ ಹೊತ್ತಿಗೆ ಜೂನಿಯರ್ ಆರ್ಟಿಸ್ಟ್ ಒಬ್ಬರು ಕಮ್ಮಿ ಬಿದ್ದಿದ್ದರಿಂದ. ಅಂಥ ಪಾತ್ರಗಳು ಒಂದಾದ ಮೇಲೊಂದು ಬರುತ್ತವೆ, ಆದರೆ ಮೇಲಕ್ಕೆ ಹತ್ತಿಸುವುದಿಲ್ಲ. ಪಾತ್ರ ಆಡಿಷನ್‌ನಿಂದ ಬರುತ್ತದೆ, ನಿಮ್ಮ ನಾಟಕ ನೋಡಿದವರಿಂದ ಬರುತ್ತದೆ. ಸುತ್ತಿಗೆಯನ್ನು ಪಾತ್ರದ ಬಾಗಿಲು ಬಡಿಯುವುದಕ್ಕೆ ಬಳಸಿದರೆ ಎರಡೂ ಕಡೆ ಮರ್ಯಾದೆ ಹೋಗುತ್ತದೆ. ಸುತ್ತಿಗೆಯ ಕೆಲಸವನ್ನು ಸುತ್ತಿಗೆಯ ಕೆಲಸವೆಂದೇ ಪ್ರೀತಿಸಿ ಮಾಡಿದಾಗ ಮಾತ್ರ ಅದು ನಟನೆಗೂ ಆಗುತ್ತದೆ.

ಹೇಗೆ ಅಂತೀರಾ? ಈ ಎರಡು ಕಸುಬಿಗೂ ಬೇರು ಒಂದೇ, ಈ ಮನುಷ್ಯ ಹೇಗೆ ಬದುಕುತ್ತಾನೆ ಅನ್ನುವ ಪ್ರಶ್ನೆ. ನಿಮ್ಮ ಕಡೆಯ ಹಳೆಯ ಮನೆಯ ಒಂದು ಕಂಬ ನೆನಪಿಸಿಕೊಳ್ಳಿ. ಯಜಮಾನರು ದಿನಾ ಅದಕ್ಕೆ ಒರಗಿ ಕೂತು ಎಲೆ ಅಡಿಕೆ ಹಾಕುವ ಜಾಗದಲ್ಲಿ ತಲೆ ಎಣ್ಣೆಯ ಕಪ್ಪು ಕಲೆ ಇರುತ್ತದೆ. ಸೆಟ್‌ನಲ್ಲಿ ಆ ಕಂಬ ಕಟ್ಟುವವನು ಕಲೆಯನ್ನು ನಿಂತವನ ತಲೆಯ ಎತ್ತರಕ್ಕೆ ಬಳಿದರೆ ಸುಳ್ಳಾಯಿತು. ಅದು ನೆಲದಿಂದ ಎರಡೂವರೆ ಅಡಿ ಮೇಲೆ, ಕೂತವನ ತಲೆಯಷ್ಟಕ್ಕೆ, ಒಂದು ಬದಿಗೆ ಸ್ವಲ್ಪ ಹೆಚ್ಚು ಇರಬೇಕು. ಯಾಕೆಂದರೆ ಅವರು ಬೀದಿ ಬಾಗಿಲ ಕಡೆ ವಾಲಿಕೊಂಡು ಬಂದವರು ಹೋದವರನ್ನು ನೋಡುತ್ತಿರುತ್ತಾರೆ. ಇದು ಬಣ್ಣ ಬಳಿಯುವವನಿಗೆ ಹೊಳೆಯಬೇಕಾದರೆ ಅವನು ಒಮ್ಮೆ ಆ ಕಂಬಕ್ಕೆ ಒರಗಿ ಕೂತಿರಬೇಕು. ನಟ ಮಾಡುವುದೂ ಅದನ್ನೇ.

ಹಾಗೆಯೇ ಸೂಟ್‌ಕೇಸು. ಊರು ಬಿಟ್ಟು ಹೊರಟವನ ಕೈಯಲ್ಲಿ ಖಾಲಿ ಸೂಟ್‌ಕೇಸು ಕೊಟ್ಟರೆ ಎಂಥ ನಟನಾದರೂ ಹೆಗಲು ತಪ್ಪಾಗಿಯೇ ಬೀಳುತ್ತದೆ. ನನ್ನ ಹುಡುಗರಿಗೆ ಹೇಳಿಟ್ಟಿದ್ದೇನೆ, ಹಳೆಯ ನ್ಯೂಸ್‌ಪೇಪರ್ ಕಟ್ಟು ತುಂಬಿ ಕೊಡಿ ಅಂತ. ಅಡುಗೆಮನೆ ಡಬ್ಬ ತೆರೆಯುವ ದೃಶ್ಯವಿದ್ದರೆ ಒಳಗೆ ನಿಜವಾದ ಬೇಳೆ ಇರಬೇಕು. ಸದ್ದು ಬೇರೆ, ಕೈಯ ಭಾರ ಬೇರೆ. ನೀವು ಅಭಿಮನ್ಯುವಿನ ಗದೆ, ಬಿಲ್ಲು ಹಿಡಿದವರು. ರಟ್ಟಿನ ಗದೆಗೂ ಭಾರದ ಗದೆಗೂ ತೋಳಿಗೆ ಗೊತ್ತಾಗುವ ವ್ಯತ್ಯಾಸ ನಿಮಗೆ ನಾನು ಹೇಳಬೇಕಿಲ್ಲ.

ನಿಮ್ಮ ಸಿವಿಲ್ ಡಿಪ್ಲೊಮಾವನ್ನು ಕಾಗದದಲ್ಲಿ ಒಂದೇ ಸಾಲಿನಲ್ಲಿ ಮುಗಿಸಿದ್ದೀರಿ. ನನ್ನ ಕಣ್ಣು ನಿಂತದ್ದೇ ಅಲ್ಲಿ. ಕಲಾ ನಿರ್ದೇಶನ ಅಂದರೆ ಚಿತ್ರ ಬರೆಯುವುದು, ಕೈ ಚೆನ್ನಾಗಿರಬೇಕು ಅಂತ ಜನ ತಿಳಿದಿದ್ದಾರೆ. ಬರೆಯುವ ಕೈ ಇದ್ದರೆ ಒಳ್ಳೆಯದೇ. ಆದರೆ ಸೆಟ್‌ಗೆ ಮೊದಲು ಬೇಕಾಗುವುದು ಅಳತೆ ಹಾಕಿದ ಪ್ಲಾನು, ಎಲಿವೇಷನ್ನು, ಎಷ್ಟು ಶೀಟ್ ಪ್ಲೈವುಡ್, ಎಷ್ಟು ರೀಪರ್ (ಮರದ ಪಟ್ಟಿ), ಎಷ್ಟು ಆಳು, ಎಷ್ಟು ದಿನ ಅನ್ನುವ ಎಸ್ಟಿಮೇಟು. ಕ್ಯಾಮೆರಾ ಹಿಂದೆ ಸರಿಯಲು ಯಾವ ಗೋಡೆ ಬಿಚ್ಚಿ ತೆಗೆಯುವಂತಿರಬೇಕು ಅನ್ನುವುದನ್ನು ಪ್ಲಾನಿನಲ್ಲೇ ಗುರುತು ಹಾಕುವವನು ನಿರ್ಮಾಪಕನ ದುಡ್ಡು ಉಳಿಸುತ್ತಾನೆ. ನೀವು ಮೂರು ವರ್ಷ ಇದನ್ನೇ ಮಾಡಿದ್ದೀರಿ. ಮಿಕ್ಕದ್ದು ಕೈಗೆ ಬರುತ್ತದೆ. ಥರ್ಮೋಕೋಲ್ ಮೇಲೆ ನೇರವಾಗಿ ಸ್ಪ್ರೇ ಪೇಂಟ್ ಹೊಡೆದರೆ ಅದು ಕರಗಿ ಗುಳಿ ಬೀಳುತ್ತದೆ, ಮೊದಲು ನೀರಿನ ಎಮಲ್ಷನ್ ಒಂದು ಕೋಟ್ ಕೊಡಬೇಕು. ಅಚ್ಚ ಬಿಳಿ ಗೋಡೆ ಲೈಟ್ ಬಿದ್ದೊಡನೆ ನಟನ ಮುಖ ನುಂಗುತ್ತದೆ, ಸ್ವಲ್ಪ ಮಾಸಲು ಬೆರೆಸಬೇಕು. ಇಂಥವನ್ನು ಒಂದೆರಡು ಸಿನಿಮಾದಲ್ಲಿ ಕಲಿಯುತ್ತೀರಿ. ಪಿಒಪಿ (ಪ್ಲಾಸ್ಟರ್ ಆಫ್ ಪ್ಯಾರಿಸ್) ಉಜ್ಜುವಾಗ ಮಾಸ್ಕ್ ಹಾಕಿ, ಯಾರು ನಕ್ಕರೂ ಹಾಕಿ. ಜೊತೆಯ ಎಷ್ಟೋ ಜನರ ಕೆಮ್ಮು ನಾನು ಕೇಳಿದ್ದೇನೆ.

ಈಗ ಆ ಒಂದು ಲಕ್ಷದ ಮಾತು. ನಿಮ್ಮೂರ ನಾಟಕದಲ್ಲಿ ಪಾತ್ರಕ್ಕೆ ಇಷ್ಟೆಂದು ದುಡ್ಡು ಹಾಕಿಯೇ ಅಭಿಮನ್ಯು ಮಾಡಿರುತ್ತೀರಿ. ತುಮಕೂರು, ಕೋಲಾರದ ಕಡೆ ಹಳ್ಳಿಯಲ್ಲಿ ಬೆಳೆದ ಎಲ್ಲರಿಗೂ ಅದು ಸಹಜ. ಅದರಲ್ಲಿ ಮೋಸವಿಲ್ಲ. ಸೀನರಿ ಬಾಡಿಗೆ, ಡ್ರೆಸ್ಸು, ಹಾರ್ಮೋನಿಯಂ ಮೇಷ್ಟ್ರು, ಹೊರಗಿನಿಂದ ಕರೆಸುವ ಸ್ತ್ರೀ ಪಾತ್ರಧಾರಿಗಳು, ಇಷ್ಟೂ ಖರ್ಚನ್ನು ಪಾತ್ರಧಾರಿಗಳೇ ಹಂಚಿಕೊಳ್ಳುತ್ತಾರೆ. ಲೆಕ್ಕ ಊರ ಮುಂದೆ ಇರುತ್ತದೆ, ನಾಟಕ ಅದೇ ರಾತ್ರಿ ನಡೆಯುತ್ತದೆ. ಈ ಅಭ್ಯಾಸವನ್ನೇ ಆ ದಲ್ಲಾಳಿಗಳು ಬಳಸಿಕೊಳ್ಳುವುದು. ನಮ್ಮ ಕಡೆಯ ಹುಡುಗನಿಗೆ "ಪಾತ್ರಕ್ಕೆ ದುಡ್ಡು" ಅಂದರೆ ವಿಚಿತ್ರ ಅನ್ನಿಸುವುದೇ ಇಲ್ಲ. ಸಿನಿಮಾದಲ್ಲಿ ನಟನಿಗೆ ದುಡ್ಡು ಬರಬೇಕು, ನಟನಿಂದ ಹೋಗಬಾರದು. ಫೋಟೋ ಪೋರ್ಟ್‌ಫೋಲಿಯೋ, ವರ್ಕ್‌ಶಾಪ್ ಫೀಸು, ನೋಂದಣಿ ಶುಲ್ಕ, ಯಾವ ಹೆಸರಿನಲ್ಲಿ ಕೇಳಿದರೂ ಕೊಡಬೇಡಿ. ಪಾತ್ರಕ್ಕೆಂದು ಅಪ್ಪನ ಕೈಯಿಂದ ಸಾಲ ಮಾಡಿಸಿ ಕಳೆದುಕೊಂಡ ಇಬ್ಬರನ್ನು ನಾನು ಬಲ್ಲೆ. ಅವರಲ್ಲಿ ಒಬ್ಬ ಒಳ್ಳೆಯ ನಟನಾಗಿದ್ದ. ಮತ್ತೆ ಈ ಕಡೆ ತಲೆ ಹಾಕಲಿಲ್ಲ.

ಉಳಿದದ್ದು ಧಾರಾವಾಹಿ ಮತ್ತು 60 ದಿನದ ಕೆಲಸ. ನಿಮ್ಮ ಜಾಗದಲ್ಲಿ ನಾನಿದ್ದರೆ 60 ದಿನವನ್ನೇ ಒಪ್ಪಿಕೊಳ್ಳುತ್ತಿದ್ದೆ. ಕಾರಣ ಹೇಳುತ್ತೇನೆ, ಅಪಾಯವನ್ನೂ ಹೇಳುತ್ತೇನೆ. ತಿಂಗಳಿಗೆ ಮೂರು ದಿನ ಅಂದರೂ ಯಾವ ಮೂರು ದಿನ ಅನ್ನುವುದು ಹಿಂದಿನ ದಿನ ಸಂಜೆಯವರೆಗೂ ಗೊತ್ತಾಗದಿರಬಹುದು. ಗಡ್ಡ, ಕೂದಲು ಅವರು ಹೇಳಿದಂತೆಯೇ ಇರಬೇಕು. ಕಥೆ ತಿರುಗಿದರೆ ಅಂಥ ಸಣ್ಣ ಪಾತ್ರ ಒಂದು ದಿನ ಸದ್ದಿಲ್ಲದೆ ಮಾಯವಾಗುತ್ತದೆ. ಮೂರು ದಿನದ ದುಡ್ಡಿನಲ್ಲಿ ಬೆಂಗಳೂರಿನ ರೂಮು ಬಾಡಿಗೆ ಹುಟ್ಟುವುದಿಲ್ಲ, ಮಧುಗಿರಿಯಿಂದ ನೂರು ಕಿಲೋಮೀಟರ್ ಮೇಲೆ ಬಸ್ಸಿನಲ್ಲಿ ಬಂದು ಆರು ಗಂಟೆಯ ಕಾಲ್‌ಶೀಟ್ ಹಿಡಿಯಲಾಗುವುದಿಲ್ಲ. ಆದರೆ ಬೇಡವೆಂದರೆ ಆ ತಂಡ ಮತ್ತೆ ಕರೆಯದೇ ಇರಬಹುದು, ಇದು ನಿಜವಾದ ನಷ್ಟ. ಕ್ಯಾಮೆರಾ ಮುಂದೆ ನಿಲ್ಲುವ ಅಭ್ಯಾಸವನ್ನು ಧಾರಾವಾಹಿಯಷ್ಟು ಬೇಗ ಬೇರೆ ಯಾವುದೂ ಕಲಿಸುವುದಿಲ್ಲ ಅನ್ನುವುದೂ ಸತ್ಯ. ಆರು ತಿಂಗಳು ಮನೆಯಿಂದ ಖರ್ಚಿಗೆ ಕಳಿಸುವ ಅನುಕೂಲವಿದ್ದರೆ ಧಾರಾವಾಹಿ ಒಪ್ಪಿಕೊಳ್ಳಿ ಎಂದೇ ಹೇಳುತ್ತಿದ್ದೆ. ನಿಮ್ಮ ಕಾಗದದಿಂದ ಆ ಅನುಕೂಲ ಇದ್ದಂತೆ ಕಾಣಲಿಲ್ಲ.

ಕೆಲಸ ಒಪ್ಪಿಕೊಳ್ಳುವ ಮುಂಚೆ ಆ ಕಲಾ ನಿರ್ದೇಶಕರ ಹತ್ತಿರ ಒಬ್ಬರೇ ಹೋಗಿ ಮಾತಾಡಿ. "ಸರ್, ನನಗೆ ನಟನೆಯೂ ಬೇಕು. ಆದರೆ ನಿಮ್ಮ ಸಿನಿಮಾದಲ್ಲಿ ಯಾವ ಪಾತ್ರವನ್ನೂ ಕೇಳಲ್ಲ. ಈ ಅರವತ್ತು ದಿನ ಪೂರ್ತಿ ನಿಮ್ಮವನು. ಸಿನಿಮಾ ಮುಗಿದ ಮೇಲೆ ಆಡಿಷನ್‌ಗೆ ಹೋಗ್ತೀನಿ" ಅನ್ನಿ. ಮುಚ್ಚಿಟ್ಟು ಮಾಡಿದರೆ ಪ್ರತಿ ಫೋನ್ ಕರೆಗೂ ನಿಮ್ಮ ಎದೆ ಹೊಡೆದುಕೊಳ್ಳುತ್ತದೆ, ಹೇಳಿ ಮಾಡಿದರೆ ಅವರೇ ನಾಳೆ ಇನ್ನೊಬ್ಬ ನಿರ್ದೇಶಕರಿಗೆ ನಿಮ್ಮ ಹೆಸರು ಹೇಳಬಹುದು. ದಿನಗೂಲಿಯೋ ಒಟ್ಟು ಮೊತ್ತವೋ, ಶೆಡ್ಯೂಲ್ ಮುಂದೆ ಹೋದರೆ ಹೆಚ್ಚುವರಿ ದಿನಕ್ಕೆ ಎಷ್ಟು, ಬೇಟಾ (ದಿನದ ಭತ್ಯೆ), ಊಟ, ರೂಮು ಯಾರದು, ಟೈಟಲ್ ಕಾರ್ಡಿನಲ್ಲಿ ಹೆಸರು ಇದೆಯೇ, ಇಷ್ಟನ್ನು ವಾಟ್ಸಾಪಿನಲ್ಲಾದರೂ ಬರಹಕ್ಕೆ ತನ್ನಿ. ಬಾಯಿ ಮಾತಿನ ಬಾಕಿ ವಸೂಲಾಗುವುದು ಬಹಳ ಕಷ್ಟ. ಟಿಡಿಎಸ್, ಅಂದರೆ ಸಂಭಾವನೆಯಲ್ಲೇ ಮುರಿದುಕೊಳ್ಳುವ ತೆರಿಗೆ, ಹಿಡಿದು ಕೊಟ್ಟರೆ ಪ್ಯಾನ್ ಕೊಟ್ಟಿದ್ದು, ಹಣಕಾಸು ವರ್ಷ ಮುಗಿದ ಮೇಲೆ ರಿಟರ್ನ್ ಹಾಕಿ. ಆದಾಯ ತೆರಿಗೆ ನಿಯಮಗಳಲ್ಲಿ ಚಲನಚಿತ್ರ ಕಲಾವಿದ ಅನ್ನುವ ಒಂದೇ ಪಟ್ಟಿಯಲ್ಲಿ ನಟನೂ ಇದ್ದಾನೆ, ಸಹಾಯಕ ಕಲಾ ನಿರ್ದೇಶಕನೂ ಇದ್ದಾನೆ. ಆ ಲೆಕ್ಕದಲ್ಲಿ ಸರ್ಕಾರಕ್ಕೆ ನಿಮ್ಮ ಎರಡು ಕೆಲಸ ಒಂದೇ. ಸಂಘಗಳ ಸದಸ್ಯತ್ವಕ್ಕೆ ಈಗಲೇ ಎರಡು ಕಡೆ ದುಡ್ಡು ಕಟ್ಟಲು ಹೋಗಬೇಡಿ. ಒಂದು ಕಡೆ ಕೆಲಸ ನಿಂತ ಮೇಲೆ ನೋಡೋಣ.

ನಟನೆಯನ್ನು ಆವರೆಗೆ ಉಳಿಸಿಕೊಳ್ಳುವುದು ಹೇಗೆ ಅನ್ನುವುದಕ್ಕೆ ನಾಟಕ ಬಿಟ್ಟು ನನಗೆ ಬೇರೆ ದಾರಿ ಗೊತ್ತಿಲ್ಲ. ಊರ ಕುರುಕ್ಷೇತ್ರವನ್ನು ಬಿಡಬೇಡಿ. ಆದರೆ ಅದೊಂದರಿಂದಲೇ ಕ್ಯಾಮೆರಾ ಮುಂದೆ ನಿಲ್ಲಲಾಗದು. ಕೊನೆಯ ಸಾಲಿನಲ್ಲಿ ಕಂಬಳಿ ಹೊದ್ದು ಕೂತವರಿಗೆ ಕೇಳುವಂತೆ ಕಂದ, ಸೀಸ ಪದ್ಯ ಹಾಡಿದ ಗಂಟಲು, ಎರಡಡಿ ದೂರದ ಮೈಕಿಗೆ ಮೆಲ್ಲಗೆ ಮಾತಾಡಲು ಬೇರೆಯೇ ಅಭ್ಯಾಸ ಬೇಡುತ್ತದೆ. ತುಮಕೂರಿನಲ್ಲೋ ಬೆಂಗಳೂರಿನಲ್ಲೋ ಒಂದು ಹವ್ಯಾಸಿ ತಂಡ ಸೇರಿ, ಸಾಮಾಜಿಕ ನಾಟಕ ಮಾಡಿ. ಒಂದು ವರ್ಷ ಕೊಡುವುದಾದರೆ ಹೆಗ್ಗೋಡಿನ ನೀನಾಸಂ ಡಿಪ್ಲೊಮಾ ನಿಮ್ಮಂಥವರಿಗೆ ಹೇಳಿಮಾಡಿಸಿದ್ದು, ಅಲ್ಲಿ ನಟನೆಯ ಜೊತೆಗೇ ರಂಗಸಜ್ಜಿಕೆ, ಬೆಳಕು, ಪ್ರಸಾಧನ ಎಲ್ಲಕ್ಕೂ ಕೈ ಹಾಕಬೇಕು. ಪುಣೆಯ ಫಿಲಂ ಇನ್‌ಸ್ಟಿಟ್ಯೂಟ್ ಎಫ್‌ಟಿಐಐನಲ್ಲಿ ಕಲಾ ನಿರ್ದೇಶನ ಬೇರೆ ಕೋರ್ಸು, ನಟನೆ ಬೇರೆ ಕೋರ್ಸು. ಪದವಿ ಬೇಕು, ಡಿಪ್ಲೊಮಾ ಸಾಲದು. ಅದಕ್ಕಾಗಿ ಈಗ ಪದವಿಗೆ ಕೂರಿ ಎಂದು ನಾನು ಹೇಳಲಾರೆ. ಹೆಸರಘಟ್ಟದ ಸರ್ಕಾರಿ ಫಿಲಂ ಇನ್‌ಸ್ಟಿಟ್ಯೂಟಿನಲ್ಲಿ ಕಲಿಸುವುದು ಛಾಯಾಗ್ರಹಣ, ಶಬ್ದಗ್ರಹಣ. ಅದು ನಿಮ್ಮ ದಾರಿಯಲ್ಲ. ಸರ್ಟಿಫಿಕೇಟ್ ಇಲ್ಲದಿದ್ದರೆ ಯಾರೂ ಕೆಲಸ ಕೊಡುವುದಿಲ್ಲ ಅನ್ನುವ ಹೆದರಿಕೆ ನಮ್ಮ ವಿಭಾಗದಲ್ಲಿ ಬೇಡ. ನಿಮಗೆ ಆಗಲೇ ಕೊಟ್ಟಿದ್ದಾರಲ್ಲ.

ಶೂಟಿಂಗ್ ಶುರುವಾಗುವುದಕ್ಕೆ ಇನ್ನೂ ಮೂರು ವಾರ ಇದೆ ಎಂದು ಕಾಗದದ ಕೆಳಗೆ ಬರೆದಿದ್ದೀರಿ. ಆ ಮೂರು ವಾರದಲ್ಲಿ ಒಂದು ಕೆಲಸ ಮಾಡಿ. ಮಧುಗಿರಿ, ಪಾವಗಡ, ಶಿರಾ ಕಡೆ ಉಳಿದಿರುವ ಮಣ್ಣಿನ ಮಾಳಿಗೆ ಮನೆಗಳನ್ನು ಟೇಪು ಹಿಡಿದು ಅಳೆಯಿರಿ. ಬಾಗಿಲಿನ ಎತ್ತರ, ಜಗುಲಿಯ ಅಗಲ, ಗೂಡು ನೆಲದಿಂದ ಎಷ್ಟು ಮೇಲಿದೆ, ಒಲೆಯ ಹೊಗೆ ಗೋಡೆಯ ಮೇಲೆ ಎಲ್ಲಿಯವರೆಗೆ ಹತ್ತಿದೆ, ಎಲ್ಲವನ್ನೂ ಬರೆದು ಫೋಟೋ ತೆಗೆಯಿರಿ. ವರ್ಷ ವರ್ಷ ಅವು ಬೀಳುತ್ತಿವೆ. ಹಳ್ಳಿಯ ಕಥೆ ಹಿಡಿದು ಬರುವ ನಿರ್ದೇಶಕರು ನಮ್ಮ ಹತ್ತಿರ ಮೊದಲು ಕೇಳುವುದೇ ಇದನ್ನು, ನಮ್ಮಲ್ಲಿ ಬಹಳ ಜನರ ಹತ್ತಿರ ಇರುವುದು ಹಳೆಯ ಸಿನಿಮಾಗಳಿಂದ ಎತ್ತಿಕೊಂಡ ಚಿತ್ರಗಳು ಮಾತ್ರ. ನಿಮ್ಮ ಹತ್ತಿರ ಅಳತೆ ಇದ್ದರೆ ಅಸಿಸ್ಟೆಂಟ್‌ಗಿಂತ ಒಂದು ಮೆಟ್ಟಿಲು ಮೇಲೆ ಕೂರಿಸಿ ಮಾತಾಡಿಸುತ್ತಾರೆ.

ಮಿಕ್ಕ ದಿನಗಳಲ್ಲಿ ತಂದೆಯವರ ಜೊತೆ ಕೆಲಸಕ್ಕೆ ಹೋಗಿ. ಬಾಗಿಲ ಚೌಕಟ್ಟು ಕೂರಿಸುವುದು, ಕೀಲು ಯಾವ ಕಡೆ ಬಂದರೆ ಬಾಗಿಲು ಎತ್ತ ತಿರುಗುತ್ತದೆ, ಕಿಟಕಿ ಚೌಕಟ್ಟಿನ ಸಂದು ಹೇಗೆ ಹೊಂದುತ್ತದೆ ಅನ್ನುವುದನ್ನು ಅವರ ಕೈ ನೋಡಿ ಕಲಿಯಿರಿ. ನಮ್ಮ ಸೆಟ್‌ಗಳಲ್ಲಿ ಎಲ್ಲಕ್ಕಿಂತ ಗೌರವದಿಂದ ಮಾತಾಡಿಸುವುದು ಮೇಸ್ತ್ರಿ ಬಡಗಿಯನ್ನು. ಅವರು ಬರಲಿಲ್ಲವೆಂದರೆ ಕಲಾ ನಿರ್ದೇಶಕನ ಸ್ಕೆಚ್ಚು ಬರೀ ಕಾಗದ. ಬೆಂಗಳೂರಿಗೆ ಹೊರಡುವ ದಿನ ಮೂಲೆ ನೇರವಿದೆಯೇ ಎಂದು ನೋಡುವ ಅವರ ಹಳೆಯ ಮೂಲೆಮಟ್ಟ ಒಂದನ್ನು ಕೇಳಿ ಚೀಲದಲ್ಲಿ ಇಟ್ಟುಕೊಳ್ಳಿ, ಯಾರದು ಎಂದು ಕೇಳಿದರೆ ನಮ್ಮಪ್ಪನದು ಅನ್ನಿ.